ಜಿಂಕೆ ಯಾರ ಸ್ವತ್ತು? ಟೆಕ್ಸಸ್ ಬೇಟೆ ಲೈಸೆನ್ಸಿಗೊಂದು ವ್ಯಾಖ್ಯಾನ

ಪೀಠಿಕೆ

ಆಗಸ್ಟ್ 15 ನಮಗೆ ಬಾವುಟದ ದಿನ. ಅಮೆರಿಕದ ಟೆಕ್ಸಸ್ ರಾಜ್ಯದಲ್ಲಿ ಅಂದು ಹೊಸ ಸಾಲಿನ ಬೇಟೆ ಲೈಸೆನ್ಸು ಮಾರಾಟಕ್ಕೆ ಬರುತ್ತದೆ. ಮಾರುವುದು ಸರ್ಕಾರಿ ಕಚೇರಿಯಲ್ಲಷ್ಟೇ ಅಲ್ಲ. ಹಾಲು, ಮೊಟ್ಟೆ, ಮಕ್ಕಳ ಚಡ್ಡಿ ಸಿಗುವ ವಾಲ್‌ಮಾರ್ಟ್‌ನಂಥ ಅಂಗಡಿಯಲ್ಲೂ ಸಿಗುತ್ತದೆ. ಆಸ್ಟಿನ್‌ಗೋ ಡಲ್ಲಾಸ್‌ಗೋ ಕೆಲಸಕ್ಕೆ ಹೋದ ಕನ್ನಡಿಗನಿಗೆ ಇದು ಬೆರಗು. ನಮ್ಮಲ್ಲಿ ಶಿಕಾರಿ ಎಂದರೆ ಒಂದೋ ಅಜ್ಜನ ಕಾಲದ ಕಥೆ, ಇಲ್ಲವೇ ಅರಣ್ಯ ಇಲಾಖೆಯ ಕೇಸು. ಹಾಗೆಂದು ನಮ್ಮ ಕಾನೂನಿಗೆ ಲೈಸೆನ್ಸು ಅಪರಿಚಿತವೇನಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ಮೊದಲು ಅದಕ್ಕೂ ಜಾಗವಿತ್ತು. 1991ರ ತಿದ್ದುಪಡಿ ಆ ಬಾಗಿಲನ್ನು ಮುಚ್ಚಿತು.

ಟೆಕ್ಸಸ್ ಲೈಸೆನ್ಸಿನ ಕಾಗದ ಚಿಕ್ಕದು, ಅದರ ಬೆನ್ನಿಗಿರುವ ನಿಯಮ ಉದ್ದ. ಮುಖ್ಯವಾದ ಸಾಲುಗಳನ್ನು ಆರಿಸಿ, ಕನ್ನಡದಲ್ಲಿ ಸಂಗ್ರಹಿಸಿ, ಒಂದೊಂದಕ್ಕೂ ಅರ್ಥ ಬರೆದಿದ್ದೇನೆ. ಶುಲ್ಕವೂ ಷರತ್ತೂ ಬದಲಾಗುವುದುಂಟು, ಕೊಳ್ಳುವವರು ಆ ವರ್ಷದ ಕೈಪಿಡಿಯನ್ನೇ ನೋಡಿಕೊಳ್ಳಬೇಕು. ಬರೆಯುತ್ತಾ ಹೋದಂತೆ, ಇಲ್ಲಿನ ಸಾಲುಗಳೆಲ್ಲ ಸುತ್ತಿ ಬಳಸಿ ಒಂದೇ ಪ್ರಶ್ನೆಯ ಬಳಿ ಬಂದು ನಿಲ್ಲುತ್ತವೆ ಅನ್ನಿಸಿತು: ಬಯಲಲ್ಲಿ ಓಡುವ ಜಿಂಕೆ ಯಾರ ಸ್ವತ್ತು?

ಸಾಲು 1: ಈ ರಾಜ್ಯದಲ್ಲಿ ಪ್ರಾಣಿ, ಹಕ್ಕಿ, ಕಪ್ಪೆ, ಆಮೆ ಯಾವುದನ್ನೇ ಬೇಟೆಯಾಡುವವರು, ಯಾವ ವಯಸ್ಸಿನವರಾದರೂ, ಲೈಸೆನ್ಸು ಹೊಂದಿರಬೇಕು.

*ಬೇಟೆ* ಎಂದರೆ ಕೊಲ್ಲುವುದಷ್ಟೇ ಅಲ್ಲ. ಹಿಡಿಯುವುದು, ಬೋನಿಗೆ ಬೀಳಿಸುವುದು, ಇವುಗಳಿಗೆ ಪ್ರಯತ್ನಿಸುವುದು ಎಲ್ಲವೂ ಕಾನೂನಿನ ಪ್ರಕಾರ ಬೇಟೆಯೇ. ಗುರಿ ತಪ್ಪಿತು, ಜಿಂಕೆ ಓಡಿಹೋಯಿತು, ಆದ್ದರಿಂದ ನಾನು ಬೇಟೆಯಾಡಲಿಲ್ಲ ಎಂಬ ವಾದ ನಡೆಯುವುದಿಲ್ಲ.

*ಕಪ್ಪೆ* ಎಂಬ ಪದ ನಗು ತರಿಸಬಹುದು. ಅದು ಅಲ್ಲಿರುವುದಕ್ಕೆ ಕಾರಣವಿದೆ. ರಾಜ್ಯದ ಗಡಿಯೊಳಗಿನ ಕಾಡುಪ್ರಾಣಿ, ಕಾಡುಹಕ್ಕಿಗಳೆಲ್ಲ ರಾಜ್ಯದ ಜನರ ಸ್ವತ್ತು ಎಂದು ಟೆಕ್ಸಸ್ ಸಂಹಿತೆ ಶುರುವಿನಲ್ಲೇ ಸಾರುತ್ತದೆ. ಹೊಲ ನಿನ್ನದಿರಬಹುದು, ಹೊಲದಲ್ಲಿ ಮೇಯುವ ಜಿಂಕೆ ನಿನ್ನದಲ್ಲ. ಹಾಗಾಗಿ ಸ್ವಂತ ಜಮೀನಿನಲ್ಲಿ ಬೇಟೆಯಾಡುವವನಿಗೂ ಲೈಸೆನ್ಸು ಬೇಕು. ಒಂದು ದೊಡ್ಡ ಅಪವಾದ ಊರು ಬಿಟ್ಟು ಕಾಡುಬಿದ್ದ ಹಂದಿಯದು. ಬೆಳೆ ಉತ್ತುಹಾಕುವ ಈ ಹಂದಿಗಳನ್ನು ಜಮೀನಿನ ಒಡೆಯ ಒಪ್ಪಿದರೆ ಖಾಸಗಿ ನೆಲದಲ್ಲಿ ಲೈಸೆನ್ಸಿಲ್ಲದೆ ಹೊಡೆಯಬಹುದು ಎಂದು 2019ರಲ್ಲಿ ನಿಯಮವಾಯಿತು.

ಶಂಕೆ: ಕೋವಿಗೆ ಲೈಸೆನ್ಸಿದ್ದರೆ ಸಾಲದೆ?

ಸಮಾಧಾನ: ಸಾಲದು, ಅದೂ ಇದೂ ಬೇರೆ. ಟೆಕ್ಸಸ್‌ನ ಸಾಮಾನ್ಯ ನಿವಾಸಿಗೆ ರೈಫಲ್ ಇಟ್ಟುಕೊಳ್ಳಲು ರಾಜ್ಯದ ಲೈಸೆನ್ಸು ಬೇಡ. ಆದರೆ ಅದೇ ರೈಫಲ್‌ನಿಂದ ಅಳಿಲು ಹೊಡೆಯಲು ಬೇಕು. ನಮ್ಮ ಕೊಡಗಿನದು ಇದರ ತಿರುಗುಮುರುಗು. ಅಲ್ಲಿ ಕೊಡವರಿಗೂ ಜಮ್ಮಾ ಎಂಬ ಪರಂಪರೆಯ ಜಮೀನಿನ ಹಿಡುವಳಿದಾರರಿಗೂ ಕೋವಿಗೆ ಶಸ್ತ್ರಾಸ್ತ್ರ ಲೈಸೆನ್ಸಿನಿಂದ ವಿನಾಯಿತಿಯುಂಟು. ಕೇಂದ್ರ ಸರ್ಕಾರ 2019ರಲ್ಲಿ ಅದನ್ನು ಮತ್ತೆ ಹತ್ತು ವರ್ಷಕ್ಕೆ ಮುಂದುವರಿಸಿತು. ಆ ಕೋವಿಯಿಂದ ಬೇಟೆಯಾಡುವ ಹಾಗಿಲ್ಲ.

ಸಾಲು 2: ಅರ್ಜಿ ಹಾಕುವ ಮುನ್ನ ಆರು ತಿಂಗಳಿಗೂ ಮಿಗಿಲಾಗಿ ರಾಜ್ಯದಲ್ಲಿ ಸತತವಾಗಿ ವಾಸವಿದ್ದವರು ನಿವಾಸಿಗಳು. ಉಳಿದವರು ಅನಿವಾಸಿಗಳು.

ಈ ಸಾಲಿನ ತೂಕ ಗೊತ್ತಾಗುವುದು ದರಪಟ್ಟಿ ನೋಡಿದಾಗ. ನಿವಾಸಿಗೆ ಸಾಧಾರಣ ಲೈಸೆನ್ಸು 25 ಡಾಲರ್, ಅನಿವಾಸಿಗೆ 315. ಪಕ್ಕದ ಒಕ್ಲಹೋಮಾದಿಂದ ಬಂದವನೂ ಇಲ್ಲಿ ಪರಊರಿನವನೇ.

ಇದು ಅನ್ಯಾಯವಲ್ಲವೆ ಎಂದು ಕೇಳಿದವರಿದ್ದರು. ಮೊಂಟಾನಾ ರಾಜ್ಯ ಎಲ್ಕ್ ಎಂಬ ದೊಡ್ಡ ಕಡವೆಯ ಬೇಟೆಗೆ ಹೊರಗಿನವರಿಂದ ಹಲವು ಪಟ್ಟು ಹೆಚ್ಚು ವಸೂಲಿ ಮಾಡುತ್ತಿದ್ದುದು ಸುಪ್ರೀಂ ಕೋರ್ಟಿನವರೆಗೆ ಹೋಯಿತು. 1978ರಲ್ಲಿ ಕೋರ್ಟು ಮೊಂಟಾನಾ ಪರವಾಗಿ ತೀರ್ಪು ಕೊಟ್ಟಿತು. ಮನರಂಜನೆಯ ಬೇಟೆ ದೇಶದ ಪ್ರತಿ ಪ್ರಜೆಗೂ ಎಲ್ಲ ರಾಜ್ಯದಲ್ಲೂ ಸಮನಾಗಿ ಸಿಗಬೇಕಾದ ಮೂಲಭೂತ ಹಕ್ಕಲ್ಲ ಎಂಬುದು ಅದರ ಸಾರ. ಪ್ರಾಣಿಯನ್ನು ಕಾಪಾಡಿದ ಖರ್ಚು ಆ ರಾಜ್ಯದವರದು, ಮೊದಲ ಪಾಲೂ ಅವರದೇ. ಊರ ಕೆರೆಯ ಮೀನು ಹಿಡಿಯುವ ದಿನ ಪಾಲು ಯಾರಿಗೆ, ನೋಟ ಯಾರಿಗೆ ಎಂದು ನಮ್ಮ ಹಳ್ಳಿಗಳಲ್ಲೂ ಲೆಕ್ಕವಿರುವುದಿಲ್ಲವೆ? ಹಾಗೆ.

ಗಮನಿಸಬೇಕಾದ ಇನ್ನೊಂದು ಸಂಗತಿ: ಈ ಸಾಲು ಕೇಳುವುದು *ವಾಸ*ವನ್ನು, ಪೌರತ್ವವನ್ನಲ್ಲ. ಮನೆಯ ವಿದ್ಯುತ್ ಬಿಲ್ಲು, ಸಂಬಳದ ಚೀಟಿಯಂಥ ಕಾಗದಗಳು ಮಾತಾಡುತ್ತವೆ. ಏಳು ತಿಂಗಳಿಂದ ಡಲ್ಲಾಸ್‌ನಲ್ಲಿರುವ ದಾವಣಗೆರೆಯವನು ಈ ಮಟ್ಟಿಗೆ ಟೆಕ್ಸಸ್‌ನವನೇ.

ಸಾಲು 3: ಅರ್ಜಿದಾರರು ಸೋಷಿಯಲ್ ಸೆಕ್ಯುರಿಟಿ ಸಂಖ್ಯೆಯನ್ನು ಒದಗಿಸಬೇಕು.

ಜಿಂಕೆಗೂ ಈ ಸಂಖ್ಯೆಗೂ ಏನು ನಂಟು? ಯಾವ ನಂಟೂ ಇಲ್ಲ. 1996ರ ಒಕ್ಕೂಟ ಕಾನೂನೊಂದು, ಬಿಟ್ಟುಹೋದ ಮಕ್ಕಳಿಗೆ ಜೀವನಾಂಶ ಕೊಡದೆ ತಲೆತಪ್ಪಿಸಿಕೊಳ್ಳುವ ತಂದೆತಾಯಿಯರನ್ನು ಪತ್ತೆ ಹಚ್ಚಲು, ಹಲವು ಬಗೆಯ ಲೈಸೆನ್ಸು ಅರ್ಜಿಗಳಲ್ಲಿ ಈ ಸಂಖ್ಯೆ ಬರೆಸಿಕೊಳ್ಳಿ ಎಂದು ರಾಜ್ಯಗಳಿಗೆ ಹೇಳಿತು. ಮಗುವಿನ ಹಾಲಿಗೆ ದುಡ್ಡು ಕೊಡದವನು ಶಿಕಾರಿಗೆ ಹೋಗುವಾಗಲಾದರೂ ಸಿಕ್ಕಿಬೀಳಲಿ ಎಂಬುದು ತಾತ್ಪರ್ಯ.

ಸಾಲು 4: 1971ರ ಸೆಪ್ಟೆಂಬರ್ 2ರಂದು ಅಥವಾ ಆಮೇಲೆ ಹುಟ್ಟಿದವರು ಬೇಟೆ ಶಿಕ್ಷಣದಲ್ಲಿ ತೇರ್ಗಡೆಯಾಗಿರಬೇಕು.

ಹುಟ್ಟಿದ ತಾರೀಖಿನಲ್ಲಿ ಗೆರೆ ಎಳೆದದ್ದು ಜಾಣತನ. ಕಟ್ಟುಪಾಡು ಬಂದಾಗ ಆಗಲೇ ಕೋವಿ ಹಿಡಿದಿದ್ದ ಹಿರಿಯರನ್ನು ಬೆಂಚಿನ ಮೇಲೆ ಕೂರಿಸಿ ಪಾಠ ಹೇಳುವ ಗೋಜಿಗೆ ಹೋಗದೆ, ಹೊಸ ತಲೆಮಾರಿನಿಂದ ಶುರುಮಾಡಿದರು. ವರ್ಷ ಕಳೆದಂತೆ ವಿನಾಯಿತಿಯವರು ತಾವಾಗಿಯೇ ಕಡಿಮೆಯಾಗುತ್ತಾರೆ.

ಪಾಠದ ತಿರುಳು ನಾಲ್ಕು ಮಾತು. ಯಾವ ಕೋವಿಯನ್ನೂ ಒಳಗೆ ತೋಟಾ ಇದೆ ಎಂದೇ ತಿಳಿ. ನಳಿಗೆಯ ಬಾಯಿ ಅಪಾಯವಿಲ್ಲದ ಕಡೆಗಿರಲಿ. ಗುರಿ ಯಾವುದು, ಗುರಿಯ ಹಿಂದೆ ಏನಿದೆ ಎಂದು ಖಾತ್ರಿ ಮಾಡಿಕೊ. ಈಡು ಹಾರಿಸುವ ತನಕ ಬೆರಳು ಟ್ರಿಗರ್ ಮೇಲಿರದಿರಲಿ. ಮಲೆನಾಡಿನಲ್ಲಿ ಪ್ರಾಣಿಗಳನ್ನು ಎಬ್ಬಿಸುವ ಸೋವಿನವರು ಹಳುವಿನೊಳಗಿಂದ ಕೂಗುತ್ತಾ ಬರುವಾಗ ಪೊದೆ ಅಲುಗಿದ್ದನ್ನೇ ಹಂದಿಯೆಂದು ತಿಳಿದು ಹೊಡೆದ ಕಥೆ ಕೇಳಿದವರಿಗೆ ಮೂರನೆಯ ಮಾತಿನ ಬೆಲೆ ಬಿಡಿಸಿ ಹೇಳಬೇಕಿಲ್ಲ.

ಒಮ್ಮೆ ತೇರ್ಗಡೆಯಾದರೆ ಆ ಪ್ರಮಾಣಪತ್ರ ಜೀವನಪರ್ಯಂತ ನಡೆಯುತ್ತದೆ, ಬೇರೆ ರಾಜ್ಯಗಳೂ ಒಪ್ಪುತ್ತವೆ. ಹದಿನೇಳು ತುಂಬಿದವರು ಪೂರ್ತಿ ಆನ್‌ಲೈನ್‌ನಲ್ಲೇ ಮುಗಿಸಬಹುದು. ಸಮಯವಿಲ್ಲ ಎನ್ನುವವರಿಗೆ 10 ಡಾಲರಿನ ಮುಂದೂಡಿಕೆಯೂ ಇದೆ, ಆದರೆ ಬದುಕಿನಲ್ಲಿ ಒಂದೇ ಸಲ. ಅದನ್ನು ಪಡೆದವನು ಲೈಸೆನ್ಸುಳ್ಳ, ಪಾಠ ಮುಗಿಸಿದ ಅಥವಾ ವಿನಾಯಿತಿಯುಳ್ಳ ವಯಸ್ಕರ *ಜೊತೆಗೆ* ಇರಬೇಕು. ಜೊತೆ ಎಂದರೆ ಸಹಜ ದನಿಯಲ್ಲಿ ಮಾತಾಡಿದರೆ ಕೇಳಿಸುವಷ್ಟು ಹತ್ತಿರ. ಫೋನಿನಲ್ಲಿ ಸಿಗುತ್ತೇನೆ ಎಂದರೆ ಆಗದು.

ಸಾಲು 5: ಲೈಸೆನ್ಸು ಆಗಸ್ಟ್ 31ರವರೆಗೆ ಚಾಲ್ತಿಯಲ್ಲಿರುತ್ತದೆ.

ಬೇಟೆಯ ವರ್ಷ ಸೆಪ್ಟೆಂಬರ್ 1ಕ್ಕೆ ಶುರು, ಆಗಸ್ಟ್ 31ಕ್ಕೆ ಕೊನೆ. ಜೂನ್‌ನಲ್ಲಿ ಕೊಂಡರೂ ಆಗಸ್ಟ್‌ಗೆ ಮುಗಿಯಿತು. ಓದಿ ಮುಂದೆ ಹೋಗುವಂಥ ಸಾಲು ಇದು. ಆದರೆ ನಮ್ಮವರು ನಿಂತು ಓದಬೇಕಾದದ್ದು ಇದನ್ನೇ.

ಎಚ್-1ಬಿಯಂಥ ವೀಸಾದ ಮೇಲಿರುವವರು ಬಂದೂಕನ್ನಾಗಲಿ ತೋಟಾವನ್ನಾಗಲಿ ಇಟ್ಟುಕೊಳ್ಳಬಾರದು ಎಂದು ಒಕ್ಕೂಟ ಕಾನೂನು ಹೇಳುತ್ತದೆ. ಅದಕ್ಕಿರುವ ಕೆಲವೇ ವಿನಾಯಿತಿಗಳಲ್ಲಿ ಒಂದು, ಅಮೆರಿಕದಲ್ಲಿ ಕ್ರಮಬದ್ಧವಾಗಿ ಕೊಟ್ಟ ಬೇಟೆ ಲೈಸೆನ್ಸು ಕೈಯಲ್ಲಿರುವುದು. ಹೀಗಾಗಿ ಜಿಂಕೆಯ ತಂಟೆಗೇ ಹೋಗದ, ಶೂಟಿಂಗ್ ರೇಂಜಿನಲ್ಲಿ ಕಾಗದದ ಗುರಿಗೆ ಹೊಡೆಯುವ ಇಂಜಿನಿಯರ್‌ಗಳೂ ಬೇಟೆ ಲೈಸೆನ್ಸು ಕೊಳ್ಳುತ್ತಾರೆ.

ಶಂಕೆ: ಸೆಪ್ಟೆಂಬರ್ 1ರ ಬೆಳಿಗ್ಗೆ ಏನಾಗುತ್ತದೆ?

ಸಮಾಧಾನ: ಅಲ್ಲೇ ಅಪಾಯ. ಪೌರನಾದವನಿಗೆ ಲೈಸೆನ್ಸು ಮುಗಿದರೆ ಬೇಟೆ ನಿಲ್ಲುತ್ತದೆ, ಕಪಾಟಿನ ಕೋವಿ ಕಪಾಟಿನಲ್ಲೇ ಇರುತ್ತದೆ. ವೀಸಾದವನಿಗೆ ಲೈಸೆನ್ಸು ಮುಗಿದರೆ ಆ ಕೋವಿಯನ್ನು ಕಾಯುತ್ತಿದ್ದ ವಿನಾಯಿತಿಯೂ ಮುಗಿಯಿತು. ಮನೆಯಿಂದ ಹೊರಬೀಳದಿದ್ದರೂ ಗಂಭೀರ ಅಪರಾಧದ ಅಂಚಿನಲ್ಲಿ ನಿಂತಂತೆ. ಗೆಳೆಯನಿಂದ ಎರವಲು ತಂದ ಕೋವಿಗೂ ಇದೇ ಮಾತು. ವೀಸಾದವರು ಈ ವಿಷಯದಲ್ಲಿ ಅಂಗಡಿಯವನ ಮಾತಿಗಿಂತ ವಕೀಲರ ಮಾತು ಕೇಳುವುದು ಕ್ಷೇಮ.

ಸಾಲು 6: ಕೆಲವು ಬೇಟೆಗಳಿಗೆ ಲೈಸೆನ್ಸಿನ ಮೇಲೆ ಹೆಚ್ಚಿನ ಅನುಮೋದನೆ ಬೇಕು.

ಬೆಳವ, ಬಾತು ಮೊದಲಾದ ವಲಸೆ ಹಕ್ಕಿಗಳಿಗೆ 7 ಡಾಲರ್. ಬಿಲ್ಲುಬಾಣದವರಿಗೆ ಮೀಸಲಾದ ಋತುವಿಗೆ ಇನ್ನೊಂದು 7. ಬಾತಿಗಾದರೆ ಇದರ ಜೊತೆಗೆ ಕೇಂದ್ರದ 25 ಡಾಲರಿನ ಡಕ್ ಸ್ಟಾಂಪು. 1934ರಿಂದ ನಡೆದುಬಂದಿರುವ ಈ ಚೀಟಿಯ ಹಣ ಜವುಗು ನೆಲ ಕೊಂಡು ಉಳಿಸಲು ಹೋಗುತ್ತದೆ.

ಲೈಸೆನ್ಸಿನ ಹಣಕ್ಕೂ ಬೇಲಿಯಿದೆ. 1937ರ ಪಿಟ್‌ಮನ್-ರಾಬರ್ಟ್‌ಸನ್ ಕಾಯ್ದೆ ಬಂದೂಕು, ತೋಟಾಗಳ ಮೇಲಿನ ತೆರಿಗೆಯನ್ನು ವನ್ಯಜೀವಿಗಳ ಕೆಲಸಕ್ಕೆಂದು ರಾಜ್ಯಗಳಿಗೆ ಹಂಚುತ್ತದೆ. ಆ ಪಾಲು ಬೇಕಾದ ರಾಜ್ಯ ತನ್ನ ಬೇಟೆಗಾರರಿಂದ ಬಂದ ಲೈಸೆನ್ಸು ಹಣವನ್ನು ವನ್ಯಜೀವಿ ಇಲಾಖೆಯಿಂದಾಚೆ, ರಸ್ತೆಗೋ ಸೇತುವೆಗೋ, ತಿರುಗಿಸುವಂತಿಲ್ಲ. ಪಾಲು ಎಷ್ಟೆಂಬುದಕ್ಕೆ ರಾಜ್ಯದ ವಿಸ್ತೀರ್ಣದ ಜೊತೆಗೆ ಲೈಸೆನ್ಸುದಾರರ ಸಂಖ್ಯೆಯನ್ನೂ ಎಣಿಸುತ್ತಾರೆ. ರೇಂಜಿನ ಇಂಜಿನಿಯರ್ ತನಗೆ ಗೊತ್ತಿಲ್ಲದೆಯೇ ಜಿಂಕೆಗೆ ಕಪ್ಪ ಕಟ್ಟುತ್ತಿದ್ದಾನೆ.

ಸಾಲು 7: ಜಿಂಕೆ ಬಿದ್ದ ಕೂಡಲೇ ಲೈಸೆನ್ಸಿನ ಚೀಟಿಯನ್ನು ಅದಕ್ಕೆ ಲಗತ್ತಿಸಬೇಕು.

ಕಾಗದದ ಲೈಸೆನ್ಸಿನ ಅಂಚಿನಲ್ಲಿ ಚೀಟಿಗಳಿರುತ್ತವೆ. ಒಂದು ಚೀಟಿಗೆ ಒಂದು ಪ್ರಾಣಿ. ಶಾಯಿಯಲ್ಲಿ ವಿವರ ತುಂಬಿ, ತಿಂಗಳು ಮತ್ತು ತಾರೀಖಿನ ಜಾಗವನ್ನು ಚಾಕುವಿನಿಂದ ಕತ್ತರಿಸಿ ತೆಗೆಯಬೇಕು. ಬರೆದದ್ದನ್ನು ಅಳಿಸಬಹುದು, ಕತ್ತರಿಸಿದ್ದನ್ನು ಮತ್ತೆ ಅಂಟಿಸಲಾಗದು. ಅಲ್ಲಿನ ಸ್ಥಳೀಯ ವೈಟ್‌ಟೇಲ್ ಜಿಂಕೆಗೆ ವರ್ಷದ ಮಿತಿ ಐದು, ಅದರಲ್ಲಿ ಗಂಡು ಮೂರನ್ನು ಮೀರಬಾರದು, ಜಿಲ್ಲೆಗೊಂದು ಮಿತಿ ಮತ್ತೆ ಬೇರೆ. ಚೀಟಿ ಉಳಿದಿದೆಯೆಂದು ಹೊಡೆಯುವಂತಿಲ್ಲ.

ಕೆಲವು ಜಿಲ್ಲೆಗಳಲ್ಲಿ ಕೊಂಬಿಗೂ ಅಳತೆಯುಂಟು. ಎರಡು ಕೊಂಬಿನ ನಡುವಿನ ಒಳ ಅಗಲ 13 ಇಂಚಾದರೂ ಇರಬೇಕು, ಇಲ್ಲವೇ ಒಂದು ಕೊಂಬಾದರೂ ಕವಲೊಡೆಯದೆ ಇರಬೇಕು. ಎಳೆಯ ಗಂಡುಗಳು ಬಲಿಯುವ ಮುನ್ನವೇ ಮುಗಿದುಹೋಗದಿರಲಿ ಎಂದು ಈ ಏರ್ಪಾಡು. ನೂರು ಗಜದಾಚೆ ನಿಂತ ಜಿಂಕೆಗೆ ಟೇಪು ಹಿಡಿಯುವುದು ಹೇಗೆ? ಕಿವಿ ನಿಮಿರಿಸಿ ನಿಂತ ಜಿಂಕೆಯ ಒಂದು ಕಿವಿಯ ತುದಿಯಿಂದ ಇನ್ನೊಂದರ ತುದಿಗೆ ಸುಮಾರು 13 ಇಂಚು. ಕವಲೊಡೆದ ಕೊಂಬು ಕಿವಿಯನ್ನು ದಾಟಿದೆಯೆ ನೋಡು, ದಾಟದಿದ್ದರೆ ಕೋವಿ ಇಳಿಸು. ಮರೆಯಲ್ಲಿ ಮರಸು ಕೂತವನ ತಾಳ್ಮೆಗೆ ಇದಕ್ಕಿಂತ ಒಳ್ಳೆಯ ಪರೀಕ್ಷೆ ಇರಲಾರದು.

ಬಿದ್ದ ಜಿಂಕೆಯನ್ನು ಹುಡುಕದೆ ಬಿಡುವುದು ಅಪರಾಧ, ತಿನ್ನಬಹುದಾದ ಮಾಂಸವನ್ನು ಕೆಡಿಸುವುದೂ ಅಪರಾಧ. ಹಂಚಬಹುದು, ದಾನ ಮಾಡಬಹುದು, ಮಾರುವಂತಿಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಪೇಟೆಗೆ ಮಾಂಸ ಹೊಂದಿಸುವವರ ಕೋವಿಗೆ ಅಮೆರಿಕದ ಹಿಂಡು ಹಿಂಡುಗಳೇ ಕರಗಿದ್ದವು. ಆ ಪೆಟ್ಟಿನ ನೆನಪು ಈ ಸಾಲಿನಲ್ಲಿದೆ.

ಸಾಲು 8: ಜಮೀನಿನ ಒಡೆಯರ ಒಪ್ಪಿಗೆಯಿಲ್ಲದೆ ಬೇಟೆಯಾಡುವಂತಿಲ್ಲ.

ಜಿಂಕೆ ಜನರದ್ದಾದರೂ ಅದರ ಹತ್ತಿರ ಹೋಗುವ ದಾರಿ ಜನರದ್ದಲ್ಲ. ಟೆಕ್ಸಸ್ ನೆಲದಲ್ಲಿ ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ಪಾಲು ಖಾಸಗಿ. ಹಾಗಾಗಿ ಬೇಟೆಯ ನಿಜವಾದ ಖರ್ಚು 25 ಡಾಲರಲ್ಲ, ರಾಂಚ್ ಎಂಬ ದೊಡ್ಡ ಜಮೀನಿನ ಒಡೆಯನಿಗೆ ಕಟ್ಟುವ ಗುತ್ತಿಗೆ. ಅಷ್ಟು ಶಕ್ತಿಯಿಲ್ಲದವರಿಗೆ 48 ಡಾಲರಿನ ಸಾರ್ವಜನಿಕ ಬೇಟೆ ಪರವಾನಗಿ ಇದೆ, ವನ್ಯಜೀವಿ ಇಲಾಖೆ ತೆರೆದಿಟ್ಟ ನೆಲಗಳಿಗೆ ಅದು ಪ್ರವೇಶ ಕೊಡುತ್ತದೆ.

ಬೇಲಿ, ಬೋರ್ಡು ಇಲ್ಲದ ಕಡೆ ಮರದ ಮೇಲೆ ನೇರಳೆ ಬಣ್ಣದ ಉದ್ದ ಗೆರೆ ಕಂಡರೆ ನಿಲ್ಲಬೇಕು. ನೆಲದಿಂದ ಮೂರರಿಂದ ಐದಡಿ ಎತ್ತರದಲ್ಲಿ, ಎಂಟಿಂಚಾದರೂ ಉದ್ದವಿರುವ ಆ ಗೆರೆಗೆ ಒಳಗೆ ಬರಬೇಡ ಎಂದೇ ಅರ್ಥ. ಓದು ಬಾರದವನಿಗೂ ತಿಳಿಯುವ ಬೋರ್ಡು ಅದು, ಗೊತ್ತಿಲ್ಲದವನಿಗೆ ಯಾರೋ ಬಳಿದ ಬಣ್ಣ. ಹೊಸಬರು ಮೊದಲು ಕಲಿಯಬೇಕಾದ ಅಕ್ಷರ ಇದೇ.

ಸಾಲು 9: ಹೊರದೇಶದಿಂದ ತಂದ ಮೃಗಗಳಿಗೆ ಋತುವಿಲ್ಲ, ಸಂಖ್ಯೆಯ ಮಿತಿಯಿಲ್ಲ. ಲೈಸೆನ್ಸು ಮಾತ್ರ ಬೇಕು.

ಹೊರದೇಶ ಎಂದರೆ ಯಾವುದು? ಪಟ್ಟಿ ನೋಡಿದರೆ ಚುಕ್ಕೆ ಜಿಂಕೆ, ಕೃಷ್ಣಮೃಗ, ನೀಲಗಾಯ್. ನಮ್ಮವೇ. ಕಳೆದ ಶತಮಾನದ ಮೊದಲರ್ಧದಲ್ಲಿ ರಾಂಚಿನವರು ತಂದು ಬಿಟ್ಟವು, ಬಿಸಿಲು, ಕುರುಚಲು ಒಗ್ಗಿ ಸಾವಿರಾರಾಗಿ ಬೆಳೆದಿವೆ. ನಾಡಿನ ಬೇಟೆಮೃಗಗಳ ಪಟ್ಟಿಯಲ್ಲಿ ಇವಿಲ್ಲ. ಕಾನೂನು ಇವನ್ನು ನೋಡುವ ಬಗೆ ರಾಂಚಿನ ದನಕರುಗಳ ಸಾಲಿಗೆ ಹತ್ತಿರ. ವೈಟ್‌ಟೇಲ್ ಮಾಂಸ ಮಾರಬಾರದು, ಚುಕ್ಕೆ ಜಿಂಕೆಯದನ್ನು ತಪಾಸಣೆ ಮಾಡಿಸಿ ಹೋಟೆಲಿಗೆ ಮಾರಬಹುದು. ಒಡೆಯ ಒಪ್ಪಿದರೆ ಜನವರಿಯೂ ಸರಿ, ಜುಲೈಯೂ ಸರಿ.

ಮೊದಲ ಸಾಲಿನ ಪ್ರಶ್ನೆ ಇಲ್ಲಿ ತಿರುಗಿ ಬರುತ್ತದೆ. ಇಡೀ ಲೈಸೆನ್ಸು ನಿಂತಿರುವುದು ಪ್ರಾಣಿ ಜನರದ್ದು ಎಂಬ ಮಾತಿನ ಮೇಲೆ. ಋತು, ಚೀಟಿ, ಕೊಂಬಿನ ಅಳತೆ ಎಲ್ಲ ಆ ಮಾತಿನ ಮಕ್ಕಳು. ಆ ಮಾತು ಯಾವ ಮೃಗಕ್ಕೆ ತಾಗುವುದಿಲ್ಲವೋ ಅದಕ್ಕೆ ಲೆಕ್ಕವೂ ಇಲ್ಲ. ಇತ್ತ ನಮ್ಮ ರಾಣೆಬೆನ್ನೂರಿನಲ್ಲಿ 1974ರಿಂದ ಕೃಷ್ಣಮೃಗಕ್ಕೆಂದೇ ಒಂದು ಅಭಯಾರಣ್ಯವಿದೆ. 1972ರ ಕಾಯ್ದೆಯ ಮೊದಲ ಅನುಸೂಚಿಯಲ್ಲಿರುವ ಈ ಮೃಗವನ್ನು ಅಲ್ಲಿ ಮುಟ್ಟಿದವನಿಗೆ ಜೈಲು.

ಹಾವೇರಿ ಕಡೆಯ ಹುಡುಗನೊಬ್ಬ ಟೆಕ್ಸಸ್‌ನ ಯಾವುದೋ ರಾಂಚಿನಲ್ಲಿ ಲೈಸೆನ್ಸು ಜೇಬಿನಲ್ಲಿಟ್ಟು ಮರಸು ಕೂತಿದ್ದಾನೆ ಎಂದುಕೊಳ್ಳಿ. ಹೆಸರೇ ಕೇಳಿರದ ವೈಟ್‌ಟೇಲ್ ಬಂದರೆ ಅವನು ಕಿವಿ ನೋಡಬೇಕು, ಕೊಂಬು ನೋಡಬೇಕು, ಚೀಟಿ ಕತ್ತರಿಸಬೇಕು. ಚಿಕ್ಕಂದಿನಲ್ಲಿ ಬಸ್ಸಿನ ಕಿಟಕಿಯಿಂದ ಕಂಡಿದ್ದ, ಕನ್ನಡದಲ್ಲೇ ಕರೆಯಬಲ್ಲ ಮೃಗ ಬಂದರೆ, ಅದಕ್ಕೆ ಕಟ್ಟಲು ಅವನ ಲೈಸೆನ್ಸಿನಲ್ಲಿ ಚೀಟಿಯೇ ಇಲ್ಲ.