ಬೆಟ್ಟ ಕಂಡಿತು, ನಡೆದವರು ಕಾಣಲಿಲ್ಲ

2021ರ ಜೂನ್ ತಿಂಗಳು. ಕೊರೋನಾದಿಂದ ಶಾಲೆ ಮುಚ್ಚಿತ್ತು. ಉಮ್ಮತ್ತೂರಿನ ನಮ್ಮ ಮನೆಯಲ್ಲಿ ಅವ್ವನೂ ನಾನೂ ಟಿ.ವಿ. ಮುಂದೆ ಕೂತು ‘ವೈಲ್ಡ್ ಕರ್ನಾಟಕ’ ನೋಡಿದೆವು. ಅಮೋಘವರ್ಷ ಮತ್ತು ಕಲ್ಯಾಣ್ ವರ್ಮ ನಿರ್ದೇಶಿಸಿದ ಈ ಸಾಕ್ಷ್ಯಚಿತ್ರ 2020ರ ಜನವರಿಯಲ್ಲೇ ಥಿಯೇಟರಿಗೆ ಬಂದಿತ್ತು. ಇಂಗ್ಲಿಷಿಗೆ ಡೇವಿಡ್ ಅಟೆನ್‌ಬರೋ ದನಿ ಕೊಟ್ಟಿದ್ದರು. ನಮಗೆ ಸಿಕ್ಕಿದ್ದು ರಿಷಬ್ ಶೆಟ್ಟಿಯವರ ಕನ್ನಡ.

ಮೆಚ್ಚಲೇಬೇಕಾದ ಚಿತ್ರ. ಕಾಳಿಂಗ ಸರ್ಪ, ನೀರುನಾಯಿ, ಹಾರುವ ಓತಿ ಇವನ್ನು ಇಷ್ಟು ಹತ್ತಿರದಿಂದ ನಾನು ನೋಡಿರಲಿಲ್ಲ. ಒಂದು ಗಂಟೆಯೂ ಇಲ್ಲದ ಚಿತ್ರಕ್ಕಾಗಿ ವರ್ಷಗಟ್ಟಲೆ ಕಾದ ತಾಳ್ಮೆಗೆ ಎರಡು ರಾಷ್ಟ್ರಪ್ರಶಸ್ತಿ ಬಂದದ್ದು ನ್ಯಾಯವೇ.

ಮುಗಿದ ಮೇಲೆ ಅವ್ವ ಕೇಳಿದರು: “ಕಾಡೇನೋ ಚೆನ್ನಾಗದ ಕನವ್ವ. ಅಲ್ಲಿ ನಡೆದಾಡೋರು ಎಲ್ಲವ್ರ?”

ಅವ್ವ ಹಾಗೆ ಕೇಳಲು ಕಾರಣವಿತ್ತು. ಪ್ರಾಯದಲ್ಲಿ ಅವರು ಶಿವರಾತ್ರಿಗೆ ಮಾದಪ್ಪನ ಬೆಟ್ಟಕ್ಕೆ ನಡೆದೇ ಹೋಗುತ್ತಿದ್ದರು. ಬುತ್ತಿಗೆ ರಾಗಿ ರೊಟ್ಟಿ, ಹುಚ್ಚೆಳ್ಳು ಚಟ್ನಿ. ತಾಳಬೆಟ್ಟದಿಂದ ಏರು ಶುರುವಾದರೆ ‘ಉಘೇ ಮಾದಪ್ಪ’ ಎನ್ನುತ್ತಾ ಬರಿಗಾಲಲ್ಲೇ ಹತ್ತುವುದು. ನೀರೆಲ್ಲಿದೆ, ನೆರಳೆಲ್ಲಿದೆ, ಆನೆ ದಾಟುವ ಜಾಗ ಯಾವುದು ಎಂಬುದನ್ನೆಲ್ಲ ಜೊತೆಯ ಹಿರಿಯರು ಹೇಳಿಕೊಡುತ್ತಿದ್ದರಂತೆ.

ಪ್ರಾಣಿಗಳ ಚಿತ್ರದಲ್ಲಿ ಜನರನ್ನು ಹುಡುಕಬಹುದೇ ಎಂದು ನೀವು ಕೇಳಬಹುದು. ನಮ್ಮ ಬಿಳಿಗಿರಿರಂಗನ ಬೆಟ್ಟವನ್ನೇ ನೋಡಿ. ಅಲ್ಲಿನ ಸೋಲಿಗರು ದೊಡ್ಡ ಸಂಪಿಗೆ ಮರವನ್ನೇ ದೇವರೆಂದು ಪೂಜಿಸುವವರು. 1974ರಲ್ಲಿ ಅಭಯಾರಣ್ಯವಾದಾಗ ಅನೇಕರು ತಮ್ಮ ಪೋಡು ಬಿಟ್ಟು ಬರಬೇಕಾಯಿತು. ಒಣಗಿದೆಲೆಯನ್ನು ಹದವಾಗಿ ಸುಡುವ ‘ತರಗು ಬೆಂಕಿ’ ನಿಂತ ಮೇಲೆಯೇ ಲಂಟಾನ ಕಾಡನ್ನು ನುಂಗಿತು ಎನ್ನುತ್ತಾರೆ ಅವರು. ಆ ಬೆಟ್ಟ 2011ರಲ್ಲಿ ಹುಲಿ ಮೀಸಲಾಯಿತು. ಅದೇ ವರ್ಷ ಸೋಲಿಗರ ಸಮುದಾಯ ಅರಣ್ಯ ಹಕ್ಕಿಗೂ ಮಾನ್ಯತೆ ಸಿಕ್ಕಿತು. ಹುಲಿಯ ಕಥೆಯನ್ನೂ ಜನರ ಕಥೆಯನ್ನೂ ಬೇರೆಬೇರೆ ಮಾಡುವುದು ಇಲ್ಲಿ ಸಾಧ್ಯವೇ?

ಬೇರೆ ದಾರಿಯೂ ಇದೆ. ಬಂಡೀಪುರ ದಾಟಿದರೆ ಮುದುಮಲೈ. ಅಲ್ಲಿ ಕಾರ್ತಿಕಿ ಗೊನ್ಸಾಲ್ವಿಸ್ ಎಂಬ ಹೆಣ್ಣುಮಗಳು ತಬ್ಬಲಿ ಆನೆಮರಿ ರಘುವನ್ನೂ, ಅವನನ್ನು ಸಾಕಿದ ಬೊಮ್ಮನ್–ಬೆಳ್ಳಿಯರನ್ನೂ ಒಟ್ಟಿಗೇ ತೋರಿಸಿದರು. ‘ದಿ ಎಲಿಫೆಂಟ್ ವಿಸ್ಪರರ್ಸ್’ ಎಂಬ ಆ ಪುಟ್ಟ ಚಿತ್ರಕ್ಕೆ 2023ರಲ್ಲಿ ಆಸ್ಕರ್ ಬಂತು. ಆನೆಗೆ ಹಾಲು ಕುಡಿಸುವ ಕೈ ಕಂಡದ್ದರಿಂದ ಆನೆಯ ಮೇಲಿನ ಪ್ರೀತಿ ಕಡಿಮೆಯಾಗಲಿಲ್ಲ, ಹೆಚ್ಚಿತು.

ದೂರುವ ಮುನ್ನ ನನ್ನನ್ನೂ ನೋಡಿಕೊಳ್ಳಬೇಕು. ಕಾಡಿನಲ್ಲಿ ಯಾರು ಯಾರು ಇರುತ್ತಾರೆ ಎಂದು ತರಗತಿಯಲ್ಲಿ ಎಷ್ಟೋ ಸಲ ಕೇಳಿದ್ದೇನೆ. ಹುಲಿ, ಆನೆ, ಜಿಂಕೆ ಎಂದು ಮಕ್ಕಳು ಬರೆದರೆ ಪೂರ್ತಿ ಅಂಕ ಕೊಟ್ಟಿದ್ದೇನೆ. ಸೋಲಿಗರು ಎಂದು ಯಾರೂ ಬರೆದಿರಲಿಲ್ಲ. ಏಕೆ ಬರೆಯಲಿಲ್ಲವೆಂದು ನಾನೂ ಕೇಳಿರಲಿಲ್ಲ. ಶಾಲೆ ಮತ್ತೆ ತೆರೆದಾಗ ಮೊದಲು ಆ ಪ್ರಶ್ನೆಯನ್ನೇ ಕೇಳಿದೆ.