ಪಾಳಿ ಬದಲಾಗದ ಆಟ

ಸಾಲೋಟಗಿ ಜಾತ್ರ್ಯಾಗ ಬಳೆ ಅಂಗಡಿ, ತೊಟ್ಟಿಲು ದಾಟಿದರೆ ಚೆಂಡೊಗೆದು ಡಬ್ಬಿ ಕೆಡವೋ ಆಟ. ಕೈಯಾಗ ರೊಕ್ಕ ಇಲ್ಲದ ಕೇರಿಯ ಹುಡುಗರು ನಾವು ನಿಂತು ನೋಡತಿದ್ದೆವು. ಡಬ್ಬಿ ಬಿದ್ದರೆ ಎಲ್ಲರೂ ನಗೋರು. ಯಾರಿಗೂ ನೋವಿರಲಿಲ್ಲ, ಡಬ್ಬಿ ಡಬ್ಬಿಯೇ.

ಅಮೆರಿಕದ ಜಾತ್ರೆಗಳಲ್ಲಿ ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಹಲವು ದಶಕ ಇದೇ ಆಟ ನಡೆಯಿತು. ಡಬ್ಬಿಯ ಜಾಗದಲ್ಲಿ ಕಪ್ಪು ಮನುಷ್ಯನ ತಲೆ. ಪರದೆಯ ತೂತಿನಿಂದ ಆತ ಮುಖ ಹೊರಗಿಡಬೇಕು, ಬಿಳಿಯರು ದುಡ್ಡು ಕೊಟ್ಟು ಚೆಂಡೆಸೆಯಬೇಕು. ಹೆಸರು 'ಆಫ್ರಿಕನ್ ಡಾಡ್ಜರ್', ಅಂದರೆ ತಪ್ಪಿಸಿಕೊಳ್ಳುವವನು. ಹೊಡೆಯುವವನ ಹೆಸರು ಆಟಕ್ಕಿಲ್ಲ ಎಂಬುದನ್ನು ಗಮನಿಸಬೇಕು. 'ತಪ್ಪಿಸಿಕೊಳ್ಳಾಕ ಬರತಿತ್ತಲ್ಲ' ಎಂಬ ಸಮಜಾಯಿಷಿ ಹೆಸರಿನಲ್ಲೇ ಅಡಗಿದೆ.

ಈ ಸಮಜಾಯಿಷಿ ನಮ್ಮ ಸೀಮೆಗೂ ಹೊಸದಲ್ಲ. ಬೆಳಗಾವಿ, ವಿಜಾಪುರದ ಕಡೆ ಹನುಮಪ್ಪನ ಓಕುಳಿಯಲ್ಲಿ ದೇವದಾಸಿಯರಾದ ದಲಿತ ಹೆಣ್ಣುಮಕ್ಕಳ ಮೇಲೆ ಮೇಲ್ಜಾತಿ ಗಂಡಸರು ಬಣ್ಣದ ನೀರು ಎರಚುವ ರೂಢಿಯಿತ್ತು. ಕೇಳಿದರೆ, 'ಆಕೀನೂ ಕೋಲು ತಗೊಂಡು ಹೊಡೀತಾಳಲ್ರೀ, ಆಟ ಸರೀಸಮ ಐತಿ' ಅನ್ನೋರು. ಸರೀಸಮವೇ? ಮೈಗಂಟಿದ ಸೀರೆಯಲ್ಲಿ ಊರ ಮುಂದೆ ನಿಂತವಳು ಆಕೆ. ಮರುದಿನ ಅದೇ ಗಂಡಸಿನ ಹೊಲಕ್ಕೆ ಕೂಲಿಗೆ ಹೋಗಬೇಕಾದವಳೂ ಆಕೆಯೇ. ಚಿಣಿಪಣಿ ಆಡುವ ಹುಡುಗರಿಗೂ ಗೊತ್ತು, ಔಟಾದರೆ ಪಾಳಿ ಬಿಡಬೇಕು. ಓಕುಳಿಯಲ್ಲಿ ಗೌಡರ ಮನೆಯ ಹೆಣ್ಣುಮಕ್ಕಳ ಪಾಳಿ ಯಾವತ್ತು ಬಂದಿತ್ತು?

ಕರಾವಳಿಯಲ್ಲಿ ಕಂಬಳಕ್ಕೆ ಮೊದಲು ಕೊರಗರನ್ನು ಕೋಣಗಳ ಹಾಗೆ ಗದ್ದೆಯಲ್ಲಿ ಓಡಿಸುತ್ತಿದ್ದರು. ಅನ್ನದಲ್ಲಿ ಕೂದಲು, ಉಗುರು ಬೆರೆಸಿ ಅವರಿಗೆ ಉಣ್ಣಿಸುವುದರ ಜೊತೆಗೆ ಇದನ್ನೂ 2000ದ ಅಜಲು ಪದ್ಧತಿ ನಿಷೇಧ ಕಾಯ್ದೆ ಹೆಸರು ಹಿಡಿದು ನಿಷೇಧಿಸಿತು. ಹಬ್ಬದ ದಿನಗಳಲ್ಲಿ ಬೇರೆ ಜಾತಿಯವರು ಮೈಗೆ ಮಸಿ ಬಳಿದು 'ಕೊರಗ ವೇಷ' ಹಾಕಿ ಕುಣಿಯುವುದೂ ಇತ್ತು. ಇಲ್ಲಿ ಮಾತ್ರ ಪಾಳಿ ಬದಲಾದಂತೆ ಕಾಣುತ್ತದೆ. 1830ರ ದಶಕದಿಂದ ಅಮೆರಿಕದ ರಂಗದ ಮೇಲೆ ಬಿಳಿಯರು ಸುಟ್ಟ ಬೂಚಿನ ಮಸಿ ಹಚ್ಚಿಕೊಂಡು ಕಪ್ಪು ಜನರನ್ನು ಅಣಕಿಸಿದ್ದೂ ಹೀಗೆಯೇ. ಆದರೆ ಮಸಿ ಬಳಿದುಕೊಂಡವನು ಸಂಜೆ ಮೈ ತೊಳೆದು ತನ್ನ ಜಾತಿಗೆ ಮರಳುತ್ತಾನೆ. ಕೊರಗ ಎಲ್ಲಿಗೆ ಮರಳಬೇಕು?

ನಮ್ಮ ವಿಮರ್ಶೆಯಲ್ಲಿ ಬಾಖ್ತಿನ್ ಹೆಸರು ಬಹಳ ಓಡಾಡಿತು. ಕಾರ್ನಿವಲ್ಲಿನಲ್ಲಿ ಮೇಲು ಕೀಳು ತಲೆಕೆಳಗಾಗುತ್ತದೆ, ನಗು ಅಧಿಕಾರವನ್ನು ಕೆಡವುತ್ತದೆ ಎಂದೆಲ್ಲ ಓದಿ ನಾನೂ ಪುಳಕಗೊಂಡವನೇ. ಯುರೋಪಿನ ಆ ಕಾರ್ನಿವಲ್ಲನ್ನು ಹಾಗೇ ತಂದು ನಮ್ಮ ಜಾತ್ರೆಗೆ ತೊಡಿಸಿದರೆ ಅಳತೆ ಹೊಂದುವುದಿಲ್ಲ. ಇಲ್ಲಿ ಒಂದು ದಿನದ ಮಟ್ಟಿಗೆ ತಲೆಕೆಳಗಾದದ್ದು ಆಡಿಸುವವನ ನಾಚಿಕೆ ಮಾತ್ರ. ಇನ್ನು ಇವನ್ನೆಲ್ಲ 'ಮನರಂಜನೆ'ಯ ಅಧ್ಯಾಯದಲ್ಲಿಟ್ಟು, ವೇಷದ ಬಣ್ಣ, ಕುಣಿತದ ಹೆಜ್ಜೆ ಎಣಿಸಿದ ಜಾನಪದ ವಿದ್ವಾಂಸರ ಸಂಗತಿ. ಓಕುಳಿಯ ವಿವರ ಅವರಿಗೆ ಸಿಕ್ಕಿದ್ದು ಯಾರ ಪಡಸಾಲೆಯಲ್ಲಿ? ಹಸಿ ಸೀರೆಯಲ್ಲೇ ಕೇರಿಗೆ ನಡೆದವಳ ಹಿಂದೆ ಹೋಗಿ, 'ಯವ್ವಾ, ನಿನಗೆ ಇದು ಆಟ ಅನಸ್ತೇನು?' ಅಂತ ಎಷ್ಟು ಮಂದಿ ಕೇಳಿದರು?