ತೆರೆಗೆ ನುಡಿಯಿತ್ತ ಬೆಳ್ಳಾವೆ ನರಹರಿಶಾಸ್ತ್ರಿಗಳು

ಕನ್ನಡದ ಮೊದಲ ವಾಕ್ಚಿತ್ರವಾದ ‘ಸತಿ ಸುಲೋಚನಾ’ದ ಪ್ರಸ್ತಾಪ ಬಂದಾಗ ಇಂದ್ರಜಿತುವಾದ ಸುಬ್ಬಯ್ಯನಾಯ್ಡು ಅವರನ್ನೂ, ರಾವಣನಾದ ನಾಗೇಂದ್ರರಾಯರನ್ನೂ, ನಿರ್ದೇಶಕರಾದ ವೈ. ವಿ. ರಾಯರನ್ನೂ ನೆನೆಯುವವರುಂಟು. ಆ ಪಾತ್ರಗಳಿಗೆ ಮಾತನ್ನೂ ಹಾಡನ್ನೂ ಬರೆದುಕೊಟ್ಟ ಬೆಳ್ಳಾವೆ ನರಹರಿಶಾಸ್ತ್ರಿಗಳ ಹೆಸರು ಅಷ್ಟಾಗಿ ಕೇಳಿಬರುವುದಿಲ್ಲ. ಇದು ಅನ್ಯಾಯವೆನ್ನಲೇಬೇಕು. 1934ನೆಯ ಮಾರ್ಚಿ 3ರಂದು ಬೆಂಗಳೂರಿನಲ್ಲಿ ತೆರೆಕಂಡ ಆ ಚಿತ್ರದಲ್ಲಿ ಹೊಸದಾಗಿ ಬಂದದ್ದು ನಟನೆಯಲ್ಲ, ಕನ್ನಡದ ಮಾತು.

ಅದಕ್ಕೆ ಹಿಂದೆ ಲೇಖಕನ ಪಾಲು ಬಹು ಕಿರಿದಾಗಿದ್ದಿತು. 1913ರ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ದಿಂದ ಮೊದಲ್ಗೊಂಡು ಮೂಕಚಿತ್ರಗಳಲ್ಲಿ ಮಾತೆಂಬುದು ದೃಶ್ಯಗಳ ನಡುವೆ ಮೂಡಿ ಮರೆಯಾಗುವ ಲಿಖಿತ ಫಲಕವಾಗಿ ಉಳಿದಿದ್ದಿತು, ಓದುಬಾರದವರಿಗೆ ಅದನ್ನು ಬಲ್ಲವರು ಓದಿ ಹೇಳಬೇಕು. ಮೋಹನ ಭಾವನಾನಿಯವರು ಮೃಚ್ಛಕಟಿಕವನ್ನು ‘ವಸಂತಸೇನೆ’ಯೆಂಬ ಮೂಕಚಿತ್ರವಾಗಿಸಿದಾಗ ಕೈಲಾಸಂ ಅವರು ಅದರಲ್ಲಿ ನಟಿಸಿದರು. ಮಾತಿನ ಮಲ್ಲರಾದ ಕೈಲಾಸಂ ಮೌನದಲ್ಲಿ! ಅದಿರಲಿ, ಶೂದ್ರಕನ ಶಕಾರನಿಗೆ ಆ ಹೆಸರು ಬಂದದ್ದೇ ಸಕಾರವನ್ನು ಶಕಾರವಾಗಿ ನುಡಿಯುವುದರಿಂದ. ನಾಲಗೆಯಿಲ್ಲದ ತೆರೆಯಲ್ಲಿ ಆ ಹಾಸ್ಯಕ್ಕೆ ನೆಲೆಯೆಲ್ಲಿ?

ಕೊಪ್ಪಳ ಸೀಮೆಯ ವಾಚಕರಿಗೆ ಈ ಮೌನವು ಇನ್ನೂ ವಿಚಿತ್ರವಾಗಿ ತೋರಬೇಕು. ಮೊರನಾಳದ ಶಿಳ್ಳೇಕ್ಯಾತರ ತೊಗಲುಗೊಂಬೆಯಾಟದಲ್ಲಿ ತೆರೆಯ ಮೇಲೆ ನೆರಳು ಆಡುತ್ತಿರುವಾಗಲೇ ಹಿಂದಿನಿಂದ ಮಾತೂ ಪದವೂ ಕೇಳಿಬರುತ್ತವೆ. ಆ ಊರಿನ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಮನ್ನಣೆ ದೊರೆತದ್ದು ಈ ಕಲೆಗಾಗಿಯೇ. ಅಲ್ಲಿ ನೆರಳೂ ನುಡಿಯೂ ಒಂದೇ ಮೇಳದ ಕೆಲಸ. ಚಲನಚಿತ್ರವು ಅವೆರಡನ್ನೂ ಅಗಲಿಸಿ, ಮತ್ತೆ ಕೂಡಿಸುವುದಕ್ಕೆ ಲೇಖಕನನ್ನು ಹುಡುಕಬೇಕಾಯಿತು.

ಸಿಕ್ಕಿದ ಲೇಖಕರು ರಂಗಭೂಮಿಯವರು. ತುಮಕೂರು ಸೀಮೆಯ ಶಾಸ್ತ್ರಿಗಳು ಗುಬ್ಬಿ ಕಂಪನಿಗೆ ನಾಟಕ ಬರೆದು ಪಳಗಿದವರು. ವಸ್ತುವೂ ಮಾತನ್ನು ಬೇಡುವಂಥದೇ. ವಾಲ್ಮೀಕಿಯಲ್ಲಿ ಸುಲೋಚನೆಯ ಕಥೆಯಿಲ್ಲ. ಆನೆಗುಂದಿಯ ಬೆಟ್ಟಗಳಲ್ಲಿ ಕಿಷ್ಕಿಂಧೆಯನ್ನು ಕಾಣುವ ಗಂಗಾವತಿಯ ಜನ ರಾಮಾಯಣವನ್ನು ರಾಮನ ಪಕ್ಷದಿಂದ ಕೇಳಿ ಬೆಳೆದವರು. ಇಲ್ಲಿಯಾದರೋ ಲಂಕೆಯ ಅಂತಃಪುರದಿಂದ ಯುದ್ಧವನ್ನು ನೋಡಬೇಕು. ಪತಿಯು ಅಧರ್ಮದ ಪಕ್ಷದಲ್ಲಿ ಮಡಿದನೆಂಬ ಅರಿವೂ ಅವನಲ್ಲಿ ಕುಂದದ ನಿಷ್ಠೆಯೂ ಒಂದೇ ಎದೆಯಲ್ಲಿ ಕಾದಾಡುವುದನ್ನು ಕಣ್ಣೀರೊಂದೇ ತಿಳಿಸಲಾರದು.

ರಂಗದ ಅಭ್ಯಾಸದಿಂದ ತೊಡಕೂ ಇಲ್ಲದಿಲ್ಲ. ನಾಟಕದ ಮಾತು ಕಡೆಯ ಸಾಲಿನವನಿಗೂ ಮುಟ್ಟಬೇಕಾದುದು; ಕ್ಯಾಮರಾ ಮುಖದ ಹತ್ತಿರಕ್ಕೇ ಬಂದಮೇಲೆ ಆ ಘೋಷವೂ, ತಿರುವಿಗೊಂದು ಹಾಡೂ ಅಗತ್ಯವಲ್ಲ. ಆದರೆ ನಟರೂ ಪ್ರೇಕ್ಷಕರೂ ರಂಗದಿಂದಲೇ ಬಂದವರಾಗಿದ್ದಾಗ ಇದನ್ನು ಲೇಖಕರೊಬ್ಬರ ಮೇಲೆ ಹೊರಿಸುವುದು ಸಲ್ಲದು. ಚಿತ್ರದ ಪ್ರತಿಯೂ ಇಂದು ಉಳಿದಿಲ್ಲ. ‘ಬರಿಯ ನಾಟಕ’ವೆಂದು ಅದನ್ನು ತಳ್ಳಿಹಾಕುವವರು ತಾವು ಕಾಣದ ಚಿತ್ರಕ್ಕೆ ತೀರ್ಪು ಕೊಡುತ್ತಿರುವರು. ಕೊಲ್ಲಾಪುರದ ಸ್ಟುಡಿಯೋದಲ್ಲಿ ಆ ಚಿತ್ರ ಸಿದ್ಧವಾಗುತ್ತಿದ್ದಾಗ, ನೋಡಿ ಕಲಿಯುವುದಕ್ಕೆ ತೆರೆಕಂಡ ಕನ್ನಡ ವಾಕ್ಚಿತ್ರ ಇನ್ನೊಂದಿರಲಿಲ್ಲ.